ಹ್ಞೂಂ ಅನ್ನದ ದೇಶದಲ್ಲಿ ಚಿಗವ್ವನ ಪದ

ಮಸ್ಕಿ, ಹೊರಡುವ ಮೊದಲು

ನಾರ್ವೆಗೆ ಹೋಗಿ ಬಂದೆ ಎಂದರೆ ಎಲ್ಲರೂ ಮೊದಲು ಕೇಳುವುದು ಹಿಮದ ಬಗ್ಗೆ. ನಾನು ಹಿಮ ನೋಡಲಿಲ್ಲ, ನಾವು ಹೋದದ್ದು ಅವರ ಬೇಸಿಗೆಯಲ್ಲಿ. ಸಮುದ್ರ ನೋಡಿದೆಯಾ ಎಂದರೆ, ಅದರದೂ ಒಂದು ಚಾಚನ್ನಷ್ಟೇ ನೋಡಿದೆ. ಅಲ್ಲಿದ್ದಷ್ಟು ದಿನ ಬಹುಪಾಲು ನಾನು ನೋಡಿದ್ದು ನನ್ನ ಚಿಗವ್ವನ ಬೆನ್ನನ್ನು. ಕನ್ನಡವೊಂದೇ ಬರುವ ಅವಳು ಯಾವಾಗಲೂ ಮುಂದೆ, ಇಂಗ್ಲಿಷ್ ಬರುವ ನಾನು ಬ್ಯಾಗು ಹೊತ್ತು ಹಿಂದೆ.

ಮಸ್ಕಿಯಲ್ಲಿ ನನ್ನದು ಮೈಕ್‌ಸೆಟ್ ಅಂಗಡಿ. ಮದುವೆ, ಜವಳ, ಚುನಾವಣೆ, ಯಾವುದಾದರೂ ಸರಿ, ಸದ್ದು ಬೇಕೆಂದವರು ನನ್ನ ಬಳಿ ಬರುತ್ತಾರೆ. ಸಿಂಧನೂರಿನಿಂದ ಲಿಂಗಸುಗೂರಿನವರೆಗೆ ನನ್ನ ಹಾರ್ನಿನ ಹಾಡಿಗೆ ನಿದ್ದೆಗೆಡದ ಊರಿಲ್ಲ. ಚಿಗವ್ವ ಎಂದರೆ ನನ್ನ ತಾಯಿಯ ತಂಗಿ ಈರಮ್ಮ, ತುರ್ವಿಹಾಳದವಳು. ಭತ್ತದ ನಾಟಿಗೆ ಇಳಿದ ಹೆಣ್ಣುಮಕ್ಕಳ ಸಾಲಿನಲ್ಲಿ ಪದ ಹೇಳುವವಳು ಅವಳೇ. ಅವಳ ಬಳಿ ಒಂದು ದೊಡ್ಡ ಪದವಿದೆ. ಗಂಡನ ಮನೆಯಿಂದ ತೌರಿಗೆ ಹೊರಟ ಹೆಣ್ಣುಮಗಳೊಬ್ಬಳು ದಾರಿಯಲ್ಲಿ ಸಿಕ್ಕ ಗಿಡ, ಹಳ್ಳ, ಕುರಿಗಾಹಿ ಎಲ್ಲರ ಮುಂದೆಯೂ ತನ್ನ ಸುಖದುಃಖ ಹೇಳಿಕೊಳ್ಳುತ್ತ ಹೋಗುವ ಕಥೆ. ನಾಟಿಯ ಸಾಲು ಹೊಲದ ಆಚೆ ಬದು ಮುಟ್ಟಿದರೂ ಆ ಹೆಣ್ಣುಮಗಳು ತೌರು ಮುಟ್ಟಿರುವುದಿಲ್ಲ. ಇಡೀ ಪದ ಬರುವವರು ಈಗ ಚಿಗವ್ವ ಒಬ್ಬಳೇ.

ಆ ಪದಕ್ಕೊಂದು ಕಟ್ಟಳೆಯಿದೆ. ಪ್ರತಿ ನುಡಿ ಮುಗಿದಾಗಲೂ ಕೇಳುವವರು "ಹ್ಞೂಂ" ಅನ್ನಬೇಕು. ಅನ್ನದಿದ್ದರೆ ಚಿಗವ್ವ ಮುಂದಿನ ನುಡಿ ಎತ್ತುವುದಿಲ್ಲ. ಚಿಕ್ಕಂದಿನಲ್ಲಿ ನಾನು ಕೇಳುತ್ತ ಕೇಳುತ್ತ ತೂಕಡಿಸಿದರೆ ತಲೆಯ ಮೇಲೊಂದು ಮೊಟಕುತ್ತಿದ್ದಳು.

"ನೀ ಹ್ಞೂಂ ಅನ್ನಲಿಲ್ಲಂದ್ರ ಆಕಿ ಅಲ್ಲೇ ಹಾದ್ಯಾಗ ನಿಂತುಬಿಡ್ತಾಳ ನೋಡು. ಹೆಣಮಗಳನ್ನ ನಡುಹಾದ್ಯಾಗ ನಿಂದ್ರಿಸಿ ನೀ ಮಕ್ಕೊಂತಿಯೇನಲೇ?"

ಇಂಥ ಚಿಗವ್ವನ ದನಿ ಒಂದು ವರ್ಷದಿಂದ ಒಡೆಯತೊಡಗಿತ್ತು. ರಾಯಚೂರಿನ ಡಾಕ್ಟರು ಗಂಟಲೊಳಗೆ ಕೊಳವೆ ಇಳಿಸಿ ನೋಡಿ, ಧ್ವನಿಯ ತಂತಿಯ ಮೇಲೆ ಗಂಟಿದೆ, ತೆಗೆಯಲೇಬೇಕು ಎಂದರು. ತೆಗೆದ ಮೇಲೆ ದನಿ ಹೇಗಿರುತ್ತದೆ ಎಂದು ಕೇಳಿದರೆ, "ಹಿಂದಿನಂಗೇ ಬಂದರೂ ಬರಬಹುದು, ಬ್ಯಾರೆ ಆದರೂ ಆಗಬಹುದು, ನಾ ಏನೂ ಗ್ಯಾರಂಟಿ ಕೊಡೂದಿಲ್ಲ" ಎಂದು ಕನ್ನಡಕ ಒರೆಸಿಕೊಂಡರು. ಇರುವ ದನಿಯನ್ನು ಆಪರೇಷನ್ನಿಗೆ ಮೊದಲು ಹಿಡಿದಿಡಬೇಕು ಅನ್ನುವ ಚಿಂತೆ ನನಗೆ ಹತ್ತಿದ್ದು ಆಗ. ನನ್ನ ಮೈಕುಗಳು ದನಿಯನ್ನು ಊರಾಚೆ ಎಸೆಯಲು ಹುಟ್ಟಿದವು, ಹಿಡಿದಿಡಲು ಅಲ್ಲ.

ಫೋನಿನಲ್ಲಿ ಹಿಡಿದ ಒಂದು ತುಣುಕನ್ನು ಇಂಟರ್ನೆಟ್ಟಿಗೆ ಹಾಕಿದ್ದೆ. ಅದನ್ನು ಕೇಳಿ ನಾರ್ವೆಯಿಂದ ಇಮೇಲ್ ಬಂತು. ಬರೆದವರ ಹೆಸರು ಓಲಾವ್. ನಮ್ಮ ಕಡೆ ಕ್ಯಾಸೆಟ್ಟಿನ ರೀಲು ಸಿಕ್ಕಿಕೊಂಡರೆ ಪೆನ್ಸಿಲ್ ಹಾಕಿ ಸುತ್ತುತ್ತಿದ್ದ ಕಾಲದಲ್ಲೇ ಅವರು ಕಂಪ್ಯೂಟರಿನೊಳಗೆ ಹಾಡು ಹಿಡಿಯುವ ಯಂತ್ರ ಮಾಡಿದ್ದವರು. ಹಾಡನ್ನು ಅಂಗಡಿಯೇ ಇಲ್ಲದೆ ಟೆಲಿಫೋನ್ ತಂತಿಯಲ್ಲಿ ಮನೆಮನೆಗೆ ಕಳಿಸಬಹುದು ಎಂದು ಮೊದಮೊದಲಿಗೆ ಹೇಳಿ ನಗೆಪಾಟಲಾಗಿ, ಆಮೇಲೆ ಅದನ್ನೇ ಮಾಡಿ ತೋರಿಸಿದವರು. ಈಗ ವಯಸ್ಸಾಗಿ, ಮನೆಯಲ್ಲೇ ರೆಕಾರ್ಡಿಂಗ್ ಕೋಣೆ ಇಟ್ಟುಕೊಂಡು, ಜಗತ್ತಿನ ಉದ್ದುದ್ದ ಹಾಡುಗಳನ್ನು ಕೂಡಿಡುತ್ತಿದ್ದಾರೆ. ತಾವೇ ಬರುತ್ತಿದ್ದರಂತೆ, ಮೊಣಕಾಲು ಬಿಡುತ್ತಿಲ್ಲ, ನೀವೇ ಬನ್ನಿ, ಟಿಕೆಟ್ ಕಳಿಸುತ್ತೇನೆ ಎಂದು ಬರೆದಿದ್ದರು.

ಚಿಗವ್ವನಿಗೆ ಓದಿ ಹೇಳಿದೆ. ಅವಳು ಕೇಳಿದ್ದು ಒಂದೇ ಮಾತು. "ಕಾಲುವಿಗೆ ನೀರು ಬಿಡೂದ್ರೊಳಗ ತಿರುಗಿ ಬರ್ತೀವೇನು?"

ಓಸ್ಲೋ, ವಿಮಾನ ನಿಲ್ದಾಣ

ಚಿಗವ್ವನ ಟ್ರಂಕಿನಲ್ಲಿ ಎರಡು ಸೀರೆ, ಉಳಿದಂತೆ ಖಡಕ್ ರೊಟ್ಟಿ. ಕಸ್ಟಮ್ಸಿನ ಎತ್ತರದ ಹೆಣ್ಣುಮಗಳು ಮೇಲಿನ ರೊಟ್ಟಿ ಎತ್ತಿ ದೀಪಕ್ಕೆ ಹಿಡಿದು ನೋಡಿದಳು. ಬೆರಳಿನಿಂದ ತಟ್ಟಿದಳು. ರೊಟ್ಟಿ ಟಣ್ ಎಂದಿತು. ಇದು ಯಾವ ಕೆಲಸದ ವಸ್ತು ಎಂದು ನನ್ನನ್ನು ಕೇಳಿದಳು. ಊಟ ಎಂದೆ. ಅವಳು ನಂಬಲಿಲ್ಲ.

ಚಿಗವ್ವ ಮುಂದೆ ಬಂದು ಒಂದು ರೊಟ್ಟಿ ಮುರಿದು, ಶೇಂಗಾ ಚಟ್ನಿಪುಡಿಯ ಡಬ್ಬಿ ತೆಗೆದು, ತುಣುಕಿನ ಮೇಲೆ ಉದುರಿಸಿ ಅವಳ ಕೈಗಿಟ್ಟಳು. "ತಿನ್ನವ್ವಾ, ಎಷ್ಟು ಸೊರಗಿದಿ. ಡ್ಯೂಟಿ ಮ್ಯಾಲ ಊಟ ಕೊಡೂದಿಲ್ಲೇನು?"

ಡ್ಯೂಟಿಯ ಮೇಲೆ ಇದ್ದವರು ಹೀಗೆ ತಿನ್ನಬಾರದು ಎಂಬ ನಿಯಮ ಅಲ್ಲಿ ಇರಲೇಬೇಕು. ಅವಳು ಆಚೀಚೆ ನೋಡಿ ಬಾಯಿಗೆ ಹಾಕಿಕೊಂಡಳು. ಮುಖ ಕೆಂಪಾಯಿತು, ಕಣ್ಣಲ್ಲಿ ನೀರು ಬಂತು, ಕೈ ಬೀಸಿ ನಮ್ಮನ್ನು ಒಳಗೆ ಬಿಟ್ಟಳು.

ಬಸ್ಸಿನಲ್ಲಿ, ಹೊಟೇಲಿನ ಹೊರಗೆ

ಓಲಾವ್ ಅವರ ಊರಿಗೆ ಹೋಗುವ ರೈಲು ಮಧ್ಯಾಹ್ನಕ್ಕಿತ್ತು. ಅಷ್ಟರಲ್ಲಿ ಊರು ನೋಡೋಣವೆಂದು ಬಸ್ಸು ಹತ್ತಿದೆವು. ನಮ್ಮ ಸಿಂಧನೂರು ಬಸ್‌ಸ್ಟ್ಯಾಂಡಿನಲ್ಲಿ ಬಸ್ಸು ನಿಲ್ಲುವ ಮೊದಲೇ ಕಿಟಕಿಯಿಂದ ಟವೆಲ್ಲು ತೂರಿ ಸೀಟು ಹಿಡಿಯುವುದು ಎಲ್ಲರಿಗೂ ಗೊತ್ತು. ಅಲ್ಲಿ ಬಸ್ಸು ತುಂಬ ಸೀಟುಗಳೇ. ಒಬ್ಬೊಬ್ಬರು ಒಂದೊಂದು ಕಿಟಕಿ ಹಿಡಿದು ಕುಳಿತಿದ್ದರು, ಯಾರ ಪಕ್ಕದಲ್ಲೂ ಯಾರೂ ಇರಲಿಲ್ಲ. ಚಿಗವ್ವ ಒಮ್ಮೆ ನೋಡಿ, ಪಾಪ ಎಂದು ಮರುಗಿ, ಒಬ್ಬ ಗೃಹಸ್ಥನ ಪಕ್ಕ ಹೋಗಿ ಕುಳಿತಳು. ಆತ ಗಾಜಿಗೆ ಅಂಟಿಕೊಂಡ. ಚಿಗವ್ವ ಅವನಿಗೆ ಜಾಗ ಸಾಲದೇನೋ ಎಂದು ಇನ್ನಷ್ಟು ಸರಿದು ಕುಳಿತಳು, ಅವನ ಕಡೆಗೇ. ಮುಂದಿನ ನಿಲ್ದಾಣದಲ್ಲಿ ಆತ ಇಳಿದುಬಿಟ್ಟ. ಅದು ಅವನ ನಿಲ್ದಾಣವಾಗಿರಲಿಲ್ಲ ಎಂದು ನನ್ನ ಅನುಮಾನ, ಏಕೆಂದರೆ ಇಳಿದವನು ಅಲ್ಲೇ ಮುಂದಿನ ಬಸ್ಸಿಗೆ ಕಾಯುತ್ತ ನಿಂತ.

"ಯಾಕಲೇ, ನಾ ಏನಂದೆ ಅವಗ?"

"ಏನೂ ಅಂದಿಲ್ಲ ಚಿಗವ್ವ. ಇಲ್ಲೆ ಮಂದಿ ದೂರದೂರ ಕುಂದರ್ತಾರ."

"ಮತ್ತ ಮಾತ್ಯಾರ ಕೂಡ ಆಡ್ತಾರ?"

ಇಡೀ ಬಸ್ಸಿನಲ್ಲಿ ಮಾತಾಡುತ್ತಿದ್ದವರು ನಾವಿಬ್ಬರೇ.

ಇಳಿದ ಮೇಲೆ ಕಾಫಿ ಹೊಟೇಲೊಂದರ ಹೊರಗೆ ತಳ್ಳುಗಾಡಿಯಲ್ಲಿ ಒಂದು ಹಸುಗೂಸು ಮಲಗಿತ್ತು. ಸುತ್ತ ಯಾರೂ ಇಲ್ಲ. ಚಳಿಗಾಳಿ ಬೀಸುತ್ತಿದೆ. ಕೂಸನ್ನು ಯಾರೋ ಮರೆತು ಹೋಗಿದ್ದಾರೆ, ಅವರು ಬರುವವರೆಗೆ ನಾನು ಇಲ್ಲಿಂದ ಕದಲುವುದಿಲ್ಲ ಎಂದು ಚಿಗವ್ವ ಗಾಡಿಯ ಹಿಡಿಕೆ ಹಿಡಿದು ನಿಂತಳು. ನಿಂತವಳು ಸುಮ್ಮನೆ ಇರಬೇಕಲ್ಲ, ಗಾಡಿ ತೂಗುತ್ತ ಜೋಗುಳ ಎತ್ತಿದಳು. ಆ ದನಿಯಲ್ಲಿ ಒಂದು ಸಣ್ಣ ಸೀಳಿತ್ತು, ಆದರೂ ಬೀದಿಯ ಮಂದಿ ನಡಿಗೆ ನಿಧಾನ ಮಾಡಿದರು.

ಗಾಜಿನ ಒಳಗಿದ್ದ ತಾಯಿ ಕಾಫಿ ಬಿಟ್ಟು ಓಡಿ ಬಂದಳು. ಪೊಲೀಸರು, ಠಾಣೆ ಎಲ್ಲ ನನ್ನ ಕಣ್ಣಮುಂದೆ ಬಂದು ಹೋದವು. ಅವಳು ಹತ್ತಿರ ಬಂದು, ನಿಂತು, ಕೇಳಿ, ಜೋಗುಳ ಮುಗಿದ ಮೇಲೆ ನನಗೆ ಹೇಳಿದಳು: ನಮ್ಮಲ್ಲಿ ಮಕ್ಕಳನ್ನು ಹೊರಗೇ ಮಲಗಿಸುತ್ತೇವೆ, ಒಳ್ಳೆಯ ಗಾಳಿ ಸಿಗಲಿ ಅಂತ. ನಾನು ಅದನ್ನು ಚಿಗವ್ವನಿಗೆ ಹೇಳಿದೆ. ಚಿಗವ್ವ ಆ ತಾಯಿಗೆ ಕನ್ನಡದಲ್ಲೇ ಸರಿಯಾಗಿ ನಾಲ್ಕು ಮಾತು ಬೈದಳು. ತಾಯಿ ಅದನ್ನೂ ಹಾಡಿನ ಭಾಗ ಎಂದುಕೊಂಡು ಚಪ್ಪಾಳೆ ತಟ್ಟಿದಳು.

ಓಲಾವ್ ಅವರ ಮನೆ

ಸಮುದ್ರದ ಚಾಚೊಂದರ ದಂಡೆಯಲ್ಲಿ ಮರದ ಮನೆ. ಬಾಗಿಲಲ್ಲೇ ಚಪ್ಪಲಿ ಬಿಡಬೇಕು ಎಂದು ಗೊತ್ತಾದ ಕೂಡಲೇ ಚಿಗವ್ವ ಆ ದೇಶದ ಅರ್ಧ ತಪ್ಪುಗಳನ್ನು ಮನ್ನಿಸಿದಳು. ಉಳಿದರ್ಧವನ್ನು ಅವರ ಕಂದು ಚೀಸ್ ಮನ್ನಾ ಮಾಡಿಸಿತು. ನೋಡಲು ಬೆಲ್ಲದ ಅಚ್ಚು, ಬಾಯಿಗಿಟ್ಟರೆ ಕಾಯಿಸಿ ಕಾಯಿಸಿ ಇಳಿಸಿದ ಖೋವಾ. ಅದನ್ನು ಖಡಕ್ ರೊಟ್ಟಿಯ ಮೇಲಿಟ್ಟು ಅವಳು ಓಲಾವ್ ಅವರಿಗೂ ಕೊಟ್ಟಳು. ನಾವಿದ್ದಷ್ಟು ದಿನವೂ ಬೆಳಿಗ್ಗೆ ಅವರು ಅದನ್ನೇ ತಿಂದರು.

ಓಲಾವ್ ಬೆಳ್ಳಗೆ, ಉದ್ದಕ್ಕೆ, ಮಾತಿಗೆ ಬಡವರು. ಒಂದು ಪ್ರಶ್ನೆ ಕೇಳಿದರೆ ಕಾಫಿ ಬಗ್ಗಿಸಿ, ಕುಡಿದು, ಕಪ್ಪು ಕೆಳಗಿಟ್ಟು ಉತ್ತರ ಕೊಡುವರು. ಹೆಂಡತಿ ತೀರಿಕೊಂಡು ಕೆಲವು ವರ್ಷಗಳಾಗಿದ್ದವು. ಚಿಗವ್ವ ಅವರನ್ನು ಓಲಪ್ಪ ಎಂದು ಕರೆದಳು. ಅವರು ಆ ಹೆಸರಿಗೆ ಮೊದಲ ಕೂಗಿಗೇ ತಿರುಗಿ ನೋಡಿದರು.

ಸಂಜೆ ದೀಪ ಹಚ್ಚಿದ ಮೇಲೆ ಊಟ ಮಾಡುವುದು ಚಿಗವ್ವನ ಪದ್ಧತಿ. ಅಲ್ಲಿ ಬೇಸಿಗೆಯ ಸೂರ್ಯ ಮುಳುಗಲು ಮನಸ್ಸೇ ಮಾಡುವುದಿಲ್ಲ. ಕಾದು ಕಾದು, ಕಡೆಗೆ ಕಿಟಕಿಯ ಪರದೆ ಎಳೆದು ಕೋಣೆ ಕತ್ತಲು ಮಾಡಿ, "ಸಂಜೀ ಆತು" ಎಂದು ತಾನೇ ತೀರ್ಮಾನ ಕೊಟ್ಟು ದೀಪ ಹಚ್ಚಿದಳು.

ಸದ್ದಿಲ್ಲದ ಕೋಣೆ

ರೆಕಾರ್ಡಿಂಗ್ ಕೋಣೆಯ ಗೋಡೆಗೆಲ್ಲ ದಪ್ಪ ಮೆತ್ತೆ. ಬಾಗಿಲು ಹಾಕಿದರೆ ನನಗೆ ನನ್ನ ಕಿವಿಯೇ ಕೇಳಿಸತೊಡಗಿತು. ಜೀವನವೆಲ್ಲ ಹಾರ್ನಿನ ಕೆಳಗೆ ಕಳೆದವನಿಗೆ ಅಂಥ ನಿಶ್ಶಬ್ದ ಹೆದರಿಕೆ ಹುಟ್ಟಿಸುತ್ತದೆ, ಸುಳ್ಳು ಹೇಳುವುದಿಲ್ಲ. ಓಲಾವ್ ಅವರಿಗೆ ಅದೇ ಹೆಮ್ಮೆ. ಫ್ಯಾನಿನ ಸದ್ದು, ಕುರ್ಚಿಯ ಕಿರ್ರು, ಹಾಡುವವರ ಉಸಿರು, ಇವನ್ನೆಲ್ಲ ಹಾಡಿನಿಂದ ಬೇರ್ಪಡಿಸಿ ತೆಗೆಯುವುದರಲ್ಲೇ ತಮ್ಮ ಆಯುಷ್ಯ ಹೋಯಿತು ಎಂದರು.

ಚಿಗವ್ವನನ್ನು ಮೈಕಿನ ಮುಂದೆ ಒಬ್ಬಳನ್ನೇ ಕೂರಿಸಿ, ನಾವಿಬ್ಬರೂ ಗಾಜಿನ ಈಚೆ ಕುಳಿತೆವು. ಅವಳು ಮೊದಲ ನುಡಿ ಹೇಳಿದಳು. ಓಲಾವ್ ಅವರ ಕಣ್ಣು ಅರಳಿದವು. ನುಡಿ ಮುಗಿಯಿತು. ಚಿಗವ್ವ ಸುಮ್ಮನಾದಳು. ನಾವು ಕಾದೆವು. ಅವಳೂ ಕಾದಳು.

"ನೀರು ಬೇಕಂತಾ?" ಎಂದು ಓಲಾವ್ ಕೇಳಿದರು.

"ನೀರಲ್ಲ, ಕೇಳುವವರ ಹ್ಞೂಂ ಬೇಕು" ಎಂದು ನಾನು ವಿವರಿಸಿದೆ. ಆಮೇಲೆ ಈಚೆಯ ಮೈಕಿನಲ್ಲಿ ನಾನೇ "ಹ್ಞೂಂ" ಎಂದೆ.

ಒಳಗಿನಿಂದ ಬೈಗುಳ ಬಂತು, ಅತ್ಯಂತ ಸ್ಪಷ್ಟವಾಗಿ, ಒಂದಿಷ್ಟೂ ಗದ್ದಲವಿಲ್ಲದೆ. "ಲೇ ಅಮರ್ಯಾ, ನಿನಗ ಹೇಳಾಕ ಇಷ್ಟು ದೂರ ಬಂದೀನೇನು? ನೀ ತುರ್ವಿಹಾಳದಾಗೂ ಸಿಗ್ತಿದ್ದಿ. ಪದ ಬೇಕಂತ ಕರಿಸಿದಾವ ಅವ. ಅವ ಬಂದು ಮುಂದ ಕುಂದರಲಿ, ಅವ ಹ್ಞೂಂ ಅನ್ನಲಿ."

ಓಲಾವ್ ಕಾಫಿ ಬಗ್ಗಿಸಿದರು, ಕುಡಿದರು, ಎದ್ದು ಒಳಗೆ ಹೋಗಿ ಅವಳ ಎದುರು ಕುಳಿತರು. ತನ್ನ ಯಂತ್ರದ ಮುಂದೆ ತಾನೇ ಸದ್ದು ಮಾಡಬೇಕಾಗಿ ಬಂದ ಮನುಷ್ಯನ ಮುಖ ಹೇಗಿರುತ್ತದೆ ಎಂದು ಅವತ್ತು ನೋಡಿದೆ. ಚಿಗವ್ವ ಒಂದು ನುಡಿ ಹೇಳಿ ಅವರನ್ನು ನೋಡಿದಳು. ಅವರು ಬಾಯಿ ತುಸು ತೆರೆದು, ಉಸಿರನ್ನು ಗಪ್ಪನೆ ಒಳಗೆಳೆದುಕೊಂಡರು. ಅಷ್ಟೇ.

ಚಿಗವ್ವ ಹೌಹಾರಿದಳು. "ಇವಗ ದಮ್ಮು ಐತೇನಲೇ?" ಎಂದವಳೇ ಸೊಂಟದ ಚೀಲ ಬಿಚ್ಚಿ, ಅಜವಾನ ತೆಗೆದು ಅಂಗೈಯಲ್ಲಿ ತಿಕ್ಕಿ ಅವರ ಮೂಗಿಗೆ ಹಿಡಿದಳು. ಓಲಾವ್ ಬೇಡ ಎನ್ನಲು ಬಾಯಿ ತೆರೆದರೆ ಬಾಯಿಗೇ ಹಾಕಿದಳು. ಅವತ್ತಿನ ರೆಕಾರ್ಡಿಂಗ್ ಅಲ್ಲಿಗೆ ಮುಗಿಯಿತು.

ಅದೇ ಕೋಣೆ, ಮರುದಿನ

ಹಿಡಿದಿದ್ದನ್ನು ಮರುದಿನ ಕೇಳಿಸಿಕೊಂಡಾಗ ಓಲಾವ್ ತಮ್ಮ ಉಸಿರನ್ನು ತಾವೇ ಕೇಳಿ ಬೆರಗಾದರು. ಅದು ದಮ್ಮಲ್ಲ. ಅವರ ಕಡೆ ಎದುರಿನವರ ಮಾತಿಗೆ "ಹೌದು" ಎನ್ನುವುದೇ ಹಾಗಂತೆ, ಉಸಿರು ಒಳಗೆಳೆದುಕೊಂಡು. ತಾನೂ ಹಾಗೆ ಮಾಡುತ್ತೇನೆಂದು ಅವರಿಗೆ ಗೊತ್ತೇ ಇರಲಿಲ್ಲ. ಅಕ್ಕನಿಗೆ ಫೋನ್ ಹಚ್ಚಿ ವಿಚಾರಿಸಿದರು. ಆಚೆಯಿಂದ ಅಕ್ಕ ಕೊಟ್ಟ ಉತ್ತರವೂ ಒಂದು ಗಪ್ಪೆನ್ನುವ ಉಸಿರೇ.

ಚಿಗವ್ವನಿಗೆ ಹೇಳಿದೆ. ಅವಳೇ ಅದಕ್ಕೊಂದು ಕಾರಣ ಹುಡುಕಿದಳು. "ಥಂಡಿ ದೇಶ ಅಲ್ಲೇನು. ಒಳಗಿನ ಬಿಸಿ ಹೊರಗ ಹೋಗಬಾರದಂತ ಹ್ಞೂಂ ಅನ್ನೂದನ್ನ ನುಂಗ್ತಾರ. ಇರಲಿ ಬಿಡು, ಹ್ಞೂಂ ಅಂದ್ರ ಆತು, ಒಳಗರ ಅನ್ನಲಿ, ಹೊರಗರ ಅನ್ನಲಿ."

ಆಮೇಲೆ ಪದ ಓಡಿತು. ಅವಳು ಹೇಳುವಳು, ಓಲಾವ್ ಉಸಿರೆಳೆಯುವರು. ಆ ಹೆಣ್ಣುಮಗಳು ಬನ್ನಿಗಿಡ ದಾಟಿದಳು, ಹಳ್ಳ ದಾಟಿದಳು. ಕನ್ನಡದ ಒಂದಕ್ಷರ ಗೊತ್ತಿಲ್ಲದ ಮನುಷ್ಯ ಮುಂದೆ ಬಾಗಿ ಬಾಗಿ ಕೇಳುತ್ತಿದ್ದರು. ಮಧ್ಯೆ ಮಧ್ಯೆ ಚಿಗವ್ವನ ದನಿ ಮೇಲೇರಲಾರದೆ ಮುರಿಯುತ್ತಿತ್ತು. ಆಗ ಅವಳು ನಿಂತು, ನೀರು ಕುಡಿದು, ಅದೇ ನುಡಿಯನ್ನು ಮೆಲ್ಲಗೆ ಮತ್ತೆ ಹೇಳುವಳು. ಗಾಜಿನ ಈಚೆ ನಾನು ದೇವರಿಗೆ ಹರಕೆ ಹೊತ್ತುಕೊಂಡು ಕುಳಿತಿದ್ದೆ, ತೌರು ಮುಟ್ಟುವವರೆಗೆ ಈ ದನಿ ಇರಲಿ ಎಂದು. ಮುಟ್ಟಿತು. ತಾಯಿ ಬಾಗಿಲು ತೆರೆದಲ್ಲಿಗೆ ಪದ ಮುಗಿದಾಗ ಓಲಾವ್ ಮೂಗು ಒರೆಸಿಕೊಂಡರು. ಅಜವಾನದ ಘಾಟು ಇನ್ನೂ ಹೋಗಿಲ್ಲ ಎಂದರು.

ಬಂದರದ ಬೆಂಚು

ಮಾರನೆಯ ದಿನ ಓಲಾವ್ ಎಲ್ಲ ಚೊಕ್ಕ ಮಾಡಿದ ಪದವನ್ನು ಬಂದರದ ಬೆಂಚಿನ ಮೇಲೆ ಕುಳಿತು ಚಿಗವ್ವನ ಕಿವಿಗೆ ಹಾಕಿದರು. ಅವಳು ಕೇಳುತ್ತ ಹೋದಳು. ಹುಬ್ಬು ಗಂಟಿಕ್ಕಿತು.

"ಇದರಾಗ ಓಲಪ್ಪ ಎಲ್ಲಿ ಹೋದ?"

ಉಸಿರನ್ನೆಲ್ಲ ತೆಗೆದಿದ್ದಾರೆ, ನಿನ್ನ ದನಿ ಒಂದೇ ಇಟ್ಟಿದ್ದಾರೆ ಎಂದೆ. ಇನ್ನು ಮೇಲೆ ಯಾರು ಬೇಕಾದರೂ, ಯಾವ ದೇಶದಲ್ಲಾದರೂ, ಒಬ್ಬರೇ ಕುಳಿತು ಇದನ್ನು ಕೇಳಬಹುದು ಎಂದು ಓಲಾವ್ ಹೇಳಿದರು. ಅದು ಅವರ ಜೀವಮಾನದ ಕನಸು, ಅದನ್ನು ಹೇಳುವಾಗ ಅವರ ಮಾತಿಗೂ ವೇಗ ಬರುತ್ತಿತ್ತು.

"ಒಬ್ಬರೇ ಕೇಳಿದ್ರ ಹ್ಞೂಂ ಯಾರು ಅಂತಾರ?" ಚಿಗವ್ವ ಹೆಡ್‌ಫೋನ್ ತೆಗೆದಿಟ್ಟಳು. "ನಾ ಹುಚ್ಚಿಗತೆ ಗ್ವಾಡಿ ಮುಂದ ಮಾತಾಡಿದಂಗ ಆಗೈತಿ. ಕೇಳಾಕಿ ನಡುವ ಮಕ್ಕೊಂಡ್ರೂ ಇದು ಒದರಕೋತ ಹೋಗತೈತಿ. ಕೇಳೋರು ಇಲ್ಲಂದ್ರ ಆ ಹೆಣಮಗಳು ಅಷ್ಟು ದೂರ ಯಾಕ ನಡೀಬೇಕು? ಬ್ಯಾಡ. ಇದನ್ನ ಯಾರಿಗೂ ಕೊಡಬ್ಯಾಡಂತ ಹೇಳು."

ಇಷ್ಟು ದೂರ ಬಂದು, ದನಿ ಹಿಡಿದು, ಈಗ ಬೇಡವೇ? ಹೇಳಬೇಕೋ ಬಿಡಬೇಕೋ ತಿಳಿಯದೆ, ಕಡೆಗೆ ಹೇಳಿದೆ. ಓಲಾವ್ ಗಪ್ಪನೆ ಉಸಿರೆಳೆದು ಎದ್ದು ಮನೆಗೆ ಹೋದರು.

ನಾವು ಹೊರಡುವ ಹೊತ್ತಿಗೆ ಅವರು ಫೋನಿನ ಆ್ಯಪ್ ಒಂದರ ಹಸಿ ರೂಪ ಮಾಡಿದ್ದರು. ಅದರಲ್ಲಿ ಪದ ಒಂದೊಂದು ನುಡಿಗೂ ನಿಲ್ಲುತ್ತದೆ. ಕೇಳುವವರು "ಹ್ಞೂಂ" ಅಂದರೆ ಮಾತ್ರ ಮುಂದಿನ ನುಡಿ. ಹಿಂದೆ ಹಾಡು ನಡುವೆ ನಿಲ್ಲದಂತೆ ತಂತಿಯಲ್ಲಿ ಹರಿಸಲು ವರ್ಷಗಟ್ಟಲೆ ಹೆಣಗಿದವನು ನಾನು, ಈಗ ನಿಲ್ಲುವ ಹಾಡು ಮಾಡಿದೆ ಎಂದು ಅವರೇ ನಕ್ಕರು. ನಾನು ಪರೀಕ್ಷೆಗೆಂದು ಚಪ್ಪಾಳೆ ತಟ್ಟಿದೆ, ಮೇಜು ಬಡಿದೆ, ಸಿಳ್ಳೆ ಹೊಡೆದೆ. ಪದ ಅಲುಗಲಿಲ್ಲ. ಗಂಟಲಿನಿಂದ ಬಂದ ದನಿಯೇ ಆಗಬೇಕು ಎಂದರು. ಅದನ್ನು ತೋರಿಸಲು ಅವರು ಫೋನಿನ ಮುಂದೆ ಒಪ್ಪಿಗೆ ಸೂಚಿಸಿದಾಗ, ಅಭ್ಯಾಸಬಲ, ಉಸಿರು ಒಳಗೇ ಹೋಯಿತು. ಅವರು ಮಾಡಿದ್ದೇ ಅವರ ಮಾತು ಕೇಳಲಿಲ್ಲ. ರೈಲು ಬರುವವರೆಗೂ ಚಿಗವ್ವ ಪ್ಲಾಟ್‌ಫಾರ್ಮಿನ ಮೇಲೆ ಅವರಿಗೆ ಹ್ಞೂಂ ಕಲಿಸಿದಳು. ಸುತ್ತ ದೂರದೂರ ನಿಂತಿದ್ದ ಮಂದಿ ಇನ್ನಷ್ಟು ದೂರ ಸರಿದರು.

ತುರ್ವಿಹಾಳ

ಕಾಲುವೆಗೆ ನೀರು ಬಂತು, ನಾಟಿ ಶುರುವಾಯಿತು. ಚಿಗವ್ವ ಗದ್ದೆಗೆ ಇಳಿಯಲಿಲ್ಲ. ರಾಯಚೂರಿನಲ್ಲಿ ಆಪರೇಷನ್ ಆಗಿ ಗಂಟು ಹೋಗಿತ್ತು. ಕೆಲವು ದಿನ ಮಾತೇ ಆಡಬಾರದು ಎಂದಿದ್ದರು, ಆಡಲಿಲ್ಲ. ಆಮೇಲೆ ಡಾಕ್ಟರು, ಗಾಯ ಮಾಗಿದೆ, ಇನ್ನು ಮೆಲ್ಲಗೆ ದನಿ ಹೊರಡಿಸು ಎಂದರು. ಆಗಲೂ ಆಡಲಿಲ್ಲ. ಕೈಸನ್ನೆಯಲ್ಲೇ ಸೊಸೆಯನ್ನು ಗದರಿಸುವಳು, ಕಣ್ಣಲ್ಲೇ ನನ್ನನ್ನು ಬೈಯುವಳು, ಬಾಯಿ ಮಾತ್ರ ತೆರೆಯಳು. ಬಾಯಿ ತೆರೆದರೆ ಬೇರೆ ಯಾರದೋ ದನಿ ಬಂದೀತು, ಅಥವಾ ಏನೂ ಬಾರದೇ ಹೋದೀತು ಎಂದು ಅವಳಿಗೆ ಭಯ. ಎಲೆಕ್ಷನ್ ಭಾಷಣಗಾರರೂ ಅವಳ ಮಾತಿಗೆ ಹೆದರುತ್ತಿದ್ದರು. ಅಂಥ ಚಿಗವ್ವ ಹೀಗೆ ಮೂಲೆ ಹಿಡಿದು ಕೂತದ್ದು ನನ್ನಿಂದ ನೋಡಲಾಗುತ್ತಿರಲಿಲ್ಲ.

ಓಲಾವ್ ಆ್ಯಪ್ ಮುಗಿಸಿ ಕಳಿಸಿದ ದಿನ ಬೈಕ್ ಹತ್ತಿ ತುರ್ವಿಹಾಳಕ್ಕೆ ಹೋದೆ. ಸೊಸೆ ನಾಟಿಗೆ ಹೋಗಿದ್ದಳು. ಫೋನನ್ನು ಚಿಗವ್ವನ ಮುಂದೆ ಕಂಬಕ್ಕೆ ಒರಗಿಸಿ ಪದ ಹಚ್ಚಿದೆ. ಒಂದು ನುಡಿ ಆಯಿತು, ಹ್ಞೂಂ ಅಂದೆ. ಇನ್ನೊಂದಾಯಿತು, ಹ್ಞೂಂ ಅಂದೆ. ತನ್ನ ಹಳೆಯ ದನಿಯನ್ನು ಅವಳು ಗೋಡೆಗೆ ಮುಖ ಮಾಡಿ ಕೇಳುತ್ತಿದ್ದಳು.

ಅಷ್ಟರಲ್ಲಿ ನನ್ನ ಇನ್ನೊಂದು ಫೋನ್ ಬಡಿದುಕೊಂಡಿತು. ಲಿಂಗಸುಗೂರಿನ ಮದುವೆ ಮನೆಯವರು. ಒಳಗೆ ರೇಂಜ್ ಸಾಲದು, ಅಂಗಳಕ್ಕೆ ಬಂದೆ. "ನಿಮ್ಮ ಸ್ಪೀಕರ್ ಡಬ್ಬ್ಯಾಗಿಂದ ಸದ್ದು ಬರವಲ್ದು, ಬರ್ರಿ, ವರ ಕುದುರಿ ಮ್ಯಾಲ ಕುಂತಾನ" ಎಂದು ಆತ ಚೀರುತ್ತಿದ್ದ. ಯಾವ ವೈರು, ಯಾವ ಪಿನ್ನು ಎಂದು ನಾನು ವಿಚಾರಿಸುತ್ತಿದ್ದಾಗ ಒಳಗೆ ಪದ ನಿಂತಿತು.

ಬಾಗಿಲಿನಿಂದ ಎಲ್ಲ ಕಾಣುತ್ತಿತ್ತು. ಚಿಗವ್ವ ನನಗೆ ಕೈ ಬೀಸಿದಳು. ಒಂದು ನಿಮಿಷ ಎಂದು ನಾನೂ ಕೈ ತೋರಿಸಿದೆ. ಅವಳು ಫೋನಿನ ಮುಂದೆ ಚಪ್ಪಾಳೆ ತಟ್ಟಿದಳು. ತಂಬಿಗೆ ತೆಗೆದು ನೆಲಕ್ಕೆ ಬಡಿದಳು. ಓಲಪ್ಪನ ಹಾಗೆ ಉಸಿರು ಎಳೆದು ನೋಡಿದಳು. ಪದ ಕದಲಲಿಲ್ಲ. ಹಳ್ಳದ ದಂಡೆಯಲ್ಲಿ, ನೀರು ಏರುತ್ತಿರುವಾಗ, ಆ ಹೆಣ್ಣುಮಗಳು ಸೆರಗು ಎತ್ತಿ ಕಟ್ಟಿಕೊಂಡು ನಿಂತಿದ್ದಳು. ಚಿಗವ್ವ ಮತ್ತೆ ನನ್ನತ್ತ ನೋಡಿದಳು, ಫೋನಿನತ್ತ ನೋಡಿದಳು.

ಆಮೇಲೆ ಅವಳು "ಹ್ಞೂಂ" ಎಂದಳು.

ದಪ್ಪನೆಯ, ಒರಟು ದನಿ. ಹಿಂದಿನದಲ್ಲ. ಆದರೆ ಅವಳದೇ. ಪದ ಹಳ್ಳಕ್ಕೆ ಇಳಿಯಿತು.

ಮದುವೆ ಮನೆಯವನು "ಹಲೋ, ಹಲೋ, ಕೇಳಾಕತ್ತೈತೇನ್ರೀ" ಎಂದು ಕೂಗುತ್ತಲೇ ಇದ್ದ. ನಾನು ಕಣ್ಣೊರೆಸಿಕೊಂಡು ಅಂಗಳದಲ್ಲೇ ನಿಂತೆ. ನುಡಿ ಮುಗಿದು ಪದ ಮತ್ತೆ ನಿಂತಿತು. ಈ ಸಲ ಚಿಗವ್ವ ನನ್ನ ಕಡೆ ನೋಡಲೂ ಇಲ್ಲ. ತಾನೇ ಹ್ಞೂಂ ಅಂದು, ಆ ಹೆಣ್ಣುಮಗಳನ್ನು ಮುಂದೆ ಕಳಿಸಿದಳು.